ಕೊನೆ ಬದಲಿಸುವ ಗುಂಡಿ ಯಾರ ಕೈಯಲ್ಲಿ?

'ನಾಗರಹಾವು' ಚಿತ್ರದ ಕೊನೆಯನ್ನು ಒಮ್ಮೆ ನೆನಪಿಸಿಕೊಳ್ಳಿ. ಚಿತ್ರದುರ್ಗದ ಬೆಟ್ಟದ ಮೇಲೆ ರಾಮಾಚಾರಿ ನಿಂತಿದ್ದಾನೆ. ಒಂದು ಕಡೆ ಅವನು ಪ್ರೀತಿಸಿದ ಮಾರ್ಗರೆಟ್, ಇನ್ನೊಂದು ಕಡೆ ಅವನು ದೇವರಂತೆ ನಂಬಿದ ಚಾಮಯ್ಯ ಮೇಷ್ಟ್ರು. ಮೇಷ್ಟ್ರ ಮಾತಿಗೆ ಕಟ್ಟುಬಿದ್ದು ಹಿಂದೊಮ್ಮೆ ಅಲಮೇಲುವನ್ನು ಕಳೆದುಕೊಂಡವನು ಅವನು. ಈ ಸಲ ಯಾರ ಮಾತು ಕೇಳುತ್ತಾನೆ? 1972ರಲ್ಲಿ ತೆರೆಕಂಡ ಪುಟ್ಟಣ್ಣ ಕಣಗಾಲರ ಈ ಚಿತ್ರದಲ್ಲಿ ಮೇಷ್ಟ್ರು ಬೆಟ್ಟದಿಂದ ಬಿದ್ದು ಸಾಯುತ್ತಾರೆ. ರಾಮಾಚಾರಿ, ಮಾರ್ಗರೆಟ್ ಇಬ್ಬರೂ ಅವರ ಹಿಂದೆಯೇ ಹಾರುತ್ತಾರೆ.

ಮಂಡ್ಯ ಸೀಮೆಯವರಿಗೆ ಈ ಚಿತ್ರದ ಮೇಲೆ ವಿಶೇಷ ಮಮತೆ. ಮದ್ದೂರು ತಾಲ್ಲೂಕಿನ ದೊಡ್ಡರಸಿನಕೆರೆಯ ಅಂಬರೀಶ್ ಮೊದಲ ಸಲ ತೆರೆಯ ಮೇಲೆ ಬಂದದ್ದು ಇದರಲ್ಲೇ, ಜಲೀಲನ ಪಾತ್ರದಲ್ಲಿ. ಚಿತ್ರವನ್ನು ಹತ್ತು ಸಲ ನೋಡಿದವರಿದ್ದಾರೆ. ಹತ್ತು ಸಲವೂ 'ಈ ಹುಡುಗನಿಗೆ ಹೀಗಾಗಬಾರದಿತ್ತು' ಎಂದು ಮರುಗಿದವರೂ ಅವರೇ.

ಆ ಗಳಿಗೆಯಲ್ಲಿ ಪ್ರತಿ ಕುರ್ಚಿಯ ಕೈಯಲ್ಲೂ ಎರಡು ಗುಂಡಿಗಳಿದ್ದಿದ್ದರೆ? ಕೆಂಪು ಒತ್ತಿದರೆ ಸಾವು, ಹಸಿರು ಒತ್ತಿದರೆ ಮದುವೆ ಎಂದಿದ್ದರೆ? ಟಾಕೀಸಿನಲ್ಲಿ ಕೂತ ಬಹುಪಾಲು ಮಂದಿ ಯಾವುದನ್ನು ಒತ್ತುತ್ತಿದ್ದರು ಎಂದು ಊಹಿಸುವುದು ಕಷ್ಟವಲ್ಲ.

ಇದು ಬರೀ ಕಲ್ಪನೆಯ ಮಾತಲ್ಲ. 'ನಾಗರಹಾವು' ಬರುವುದಕ್ಕೆ ಐದು ವರ್ಷ ಮೊದಲೇ ಅಂಥ ಗುಂಡಿಗಳಿದ್ದ ಚಿತ್ರಮಂದಿರವೊಂದು ಜಗತ್ತಿನಲ್ಲಿತ್ತು. ನೋಡುವವರೇ ಕತೆಯ ದಾರಿ ಆರಿಸುವ ಇಂಥ ಚಿತ್ರಗಳಿಗೆ ಇಂಟರ್‌ಆಕ್ಟಿವ್ ಸಿನಿಮಾ ಎಂದು ಹೆಸರು. ಪ್ರೇಕ್ಷಕ ಭಾಗಿಯಾಗುವ ಸಿನಿಮಾ ಎಂದು ಕನ್ನಡದಲ್ಲಿ ಹೇಳಬಹುದು. ಅರ್ಧ ಶತಮಾನಕ್ಕೂ ಮೀರಿದ ಇದರ ಇತಿಹಾಸದಲ್ಲಿ ಮತ್ತೆ ಮತ್ತೆ ಎದುರಾಗುವ ಪ್ರಶ್ನೆ ಒಂದೇ: ಪ್ರೇಮಕತೆಯ ಕೊನೆ ಯಾರ ಸ್ವತ್ತು?

ಒಂಬತ್ತು ಪ್ರಶ್ನೆ, ಎರಡು ಪ್ರೊಜೆಕ್ಟರ್

1967ರಲ್ಲಿ ಕೆನಡಾದ ಮಾಂಟ್ರಿಯಲ್ ನಗರದಲ್ಲಿ ವಿಶ್ವ ವಸ್ತುಪ್ರದರ್ಶನ ನಡೆಯಿತು. ಅಲ್ಲಿನ ಜೆಕೊಸ್ಲೊವಾಕಿಯಾ ಮಂಟಪದಲ್ಲಿ ಜನ ಮುಗಿಬಿದ್ದು ನೋಡಿದ್ದು 'ಕಿನೋಆಟೊಮಾಟ್' ಎಂಬ ಪ್ರಯೋಗವನ್ನು. ಅದನ್ನು ಕಲ್ಪಿಸಿದವರು ರಾದೂಸ್ ಚಿಂಚೆರಾ. 127 ಆಸನಗಳ ಪುಟ್ಟ ಚಿತ್ರಮಂದಿರ. ಪ್ರತಿ ಆಸನಕ್ಕೂ ಒಂದು ಕೆಂಪು, ಒಂದು ಹಸಿರು ಗುಂಡಿ. ಯಾವ ಆಸನದವರು ಯಾವ ಗುಂಡಿ ಒತ್ತಿದರೆಂಬುದು ತೆರೆಯ ಸುತ್ತ ಬೆಳಗುವ ದೀಪಗಳಿಂದ ಎಲ್ಲರಿಗೂ ಗೊತ್ತಾಗುತ್ತಿತ್ತು.

ಕತೆ ಗೃಹಸ್ಥನೊಬ್ಬನದು. ನೊವಾಕ್ ಎಂಬಾತನ ಬಾಗಿಲನ್ನು ಪಕ್ಕದ ಮನೆಯ ತರುಣಿ ತಟ್ಟುತ್ತಾಳೆ. ಸ್ನಾನ ಮುಗಿಸಿ ಟವೆಲು ಸುತ್ತಿಕೊಂಡು ಹೊರಬಂದವಳ ಬಾಗಿಲು ಹಿಂದಿನಿಂದ ಮುಚ್ಚಿಕೊಂಡಿದೆ. ಅಷ್ಟರಲ್ಲಿ ನೊವಾಕನ ಹೆಂಡತಿ ಮನೆಗೆ ಬರುವ ಹೊತ್ತಾಗಿದೆ. ಅವಳನ್ನು ಒಳಗೆ ಬಿಡಬೇಕೇ, ಬೇಡವೇ? ಇಲ್ಲಿ ಚಿತ್ರ ನಿಲ್ಲುತ್ತದೆ. ನೊವಾಕನ ಪಾತ್ರ ಮಾಡಿದ ನಟ ಮಿರೊಸ್ಲಾವ್ ಹೊರ್ನಿಚೆಕ್ ಸ್ವತಃ ವೇದಿಕೆಗೆ ಬಂದು ಜನರ ತೀರ್ಪು ಕೇಳುತ್ತಾರೆ. ಹೀಗೆ ಒಂಬತ್ತು ಕಡೆ ಚಿತ್ರ ನಿಂತು, ಮತದಾನವಾಗಿ, ಮುಂದುವರಿಯುತ್ತಿತ್ತು.

ಇದರ ಒಳಗುಟ್ಟು ಸ್ವಾರಸ್ಯಕರವಾಗಿದೆ. ಪ್ರತಿ ಪ್ರಶ್ನೆಯಲ್ಲೂ ಕತೆ ಎರಡಾಗಿ ಕವಲೊಡೆದು, ಆ ಕವಲುಗಳು ಮತ್ತೆ ಸೇರದೇ ಹೋದರೆ ಏನಾಗುತ್ತದೆ, ಲೆಕ್ಕ ಹಾಕಿ ನೋಡಿ. ಮೊದಲ ಪ್ರಶ್ನೆಗೆ 2 ದಾರಿ, ಎರಡನೆಯದಕ್ಕೆ 4, ಮೂರನೆಯದಕ್ಕೆ 8. ಒಂಬತ್ತನೆಯ ಪ್ರಶ್ನೆಯ ಹೊತ್ತಿಗೆ ಬೇಕಾಗುವ ದಾರಿಗಳು 512. ಅಷ್ಟು ಚಿತ್ರೀಕರಿಸಲು ಯಾವ ನಿರ್ಮಾಪಕನಿಗೂ ಸಾಧ್ಯವಿಲ್ಲ. ಆದ್ದರಿಂದ ಜನ ಯಾವುದನ್ನೇ ಆರಿಸಿದರೂ ಮುಂದಿನ ಪ್ರಶ್ನೆ ಬರುವುದರೊಳಗೆ ಎರಡು ದಾರಿಗಳೂ ಒಂದೇ ಜಾಗಕ್ಕೆ ಬಂದು ಸೇರುವಂತೆ ಕತೆ ಹೆಣೆಯಲಾಗಿತ್ತು. ಎರಡು ಪ್ರೊಜೆಕ್ಟರ್‌ಗಳು ಜೊತೆಜೊತೆಯಾಗಿ ಓಡುತ್ತಿದ್ದವು. ಸೋತ ದೃಶ್ಯದ ಪ್ರೊಜೆಕ್ಟರ್ ಕಣ್ಣಿಗೆ ಆಪರೇಟರು ಮುಚ್ಚಳ ಹಾಕುತ್ತಿದ್ದ, ಅಷ್ಟೆ. ಕೊನೆಗೆ ಹೇಗೆ ಹೋದರೂ ನೊವಾಕನ ಮನೆಯಿದ್ದ ಕಟ್ಟಡಕ್ಕೆ ಬೆಂಕಿ ಬೀಳುವುದು ತಪ್ಪುತ್ತಿರಲಿಲ್ಲ.

ಮತ ಹಾಕಿಯೂ ಫಲಿತಾಂಶ ಬದಲಾಗದ ಈ ಕತೆ ಪ್ರಜಾಪ್ರಭುತ್ವದ ಬಗೆಗಿನ ಕುಹಕವೆಂದು ಹಲವರು ಓದಿದರು. ಕಮ್ಯುನಿಸ್ಟ್ ಸರ್ಕಾರವಿದ್ದ ಆ ದೇಶದಲ್ಲಿ 1972ರಲ್ಲಿ ಪ್ರದರ್ಶನವನ್ನು ನಿಲ್ಲಿಸಲಾಯಿತು. ನಮ್ಮ ರಾಮಾಚಾರಿ ಬೆಟ್ಟದಿಂದ ಹಾರಿದ್ದೂ ಅದೇ ವರ್ಷ ಎಂಬುದೊಂದು ಕಾಕತಾಳೀಯ. ಮುಂದೆ ಜೆಕ್ ಟೆಲಿವಿಷನ್ ಎರಡು ಚಾನೆಲ್‌ಗಳಲ್ಲಿ ಎರಡು ದಾರಿಗಳನ್ನೂ ಒಮ್ಮೆಲೇ ಪ್ರಸಾರ ಮಾಡಿದಾಗ ಚಾನೆಲ್ ಬದಲಿಸುತ್ತ ಕೂತ ವೀಕ್ಷಕರಿಗೆ ಗುಟ್ಟು ರಟ್ಟಾಯಿತು.

ಗುಂಡಿಯಿಂದ ಮೊಬೈಲಿಗೆ

ಅಮೆರಿಕದಲ್ಲಿ ಇದಕ್ಕೂ ಮೊದಲು, 1961ರಲ್ಲಿ ವಿಲಿಯಂ ಕ್ಯಾಸಲ್ ಎಂಬ ನಿರ್ಮಾಪಕ 'ಮಿಸ್ಟರ್ ಸಾರ್ಡೋನಿಕಸ್' ಎಂಬ ಭೀತಿಚಿತ್ರದ ಕೊನೆಯಲ್ಲಿ ಜನರ ಕೈಗೆ ಕಾರ್ಡು ಕೊಟ್ಟು, ಖಳನಿಗೆ ಶಿಕ್ಷೆಯೋ ಕ್ಷಮೆಯೋ ಎಂದು ಕೇಳಿದ್ದುಂಟು. ತೆರೆಯ ಮೇಲೆ ಕಂಡದ್ದು ಪ್ರತಿ ಸಲವೂ ಶಿಕ್ಷೆಯೇ. ಕ್ಷಮೆಯ ದೃಶ್ಯ ಚಿತ್ರೀಕರಣವೇ ಆಗಿರಲಿಲ್ಲವೆಂದು ಚಿತ್ರ ಇತಿಹಾಸಕಾರರು ನಂಬುತ್ತಾರೆ. 1992ರಲ್ಲಿ 'ಐ ಆಮ್ ಯುವರ್ ಮ್ಯಾನ್' ಎಂಬ ಇಪ್ಪತ್ತು ನಿಮಿಷದ ಚಿತ್ರಕ್ಕೆ ನ್ಯೂಯಾರ್ಕಿನ ಚಿತ್ರಮಂದಿರದಲ್ಲಿ ಆಸನಗಳಿಗೆ ಗುಂಡಿ ಜೋಡಿಸಲಾಯಿತು. 1995ರ 'ಮಿಸ್ಟರ್ ಪೇಬ್ಯಾಕ್' ಪ್ರದರ್ಶನಗಳಲ್ಲಿ ತಮ್ಮ ಆಯ್ಕೆಯೇ ಗೆಲ್ಲಬೇಕೆಂದು ಖಾಲಿ ಕುರ್ಚಿಗಳ ಗುಂಡಿಗಳನ್ನೂ ಒತ್ತಿ ಬಂದವರಿದ್ದರು. ಕಳ್ಳ ಮತದಾನ ನಮ್ಮಲ್ಲಿ ಮಾತ್ರ ಎಂದುಕೊಳ್ಳಬೇಕಾಗಿಲ್ಲ! ಆ ಉದ್ಯಮ ಬಹಳ ಕಾಲ ಬಾಳಲಿಲ್ಲ.

ಇಂಟರ್‌ನೆಟ್ ಬಂದ ಮೇಲೆ ಗುಂಡಿ ಕುರ್ಚಿಯಿಂದ ಅಂಗೈಗೆ ಬಂತು. ನೆಟ್‌ಫ್ಲಿಕ್ಸ್ ಸಂಸ್ಥೆ 2018ರ ಡಿಸೆಂಬರ್‌ನಲ್ಲಿ 'ಬ್ಯಾಂಡರ್‌ಸ್ನ್ಯಾಚ್' ಎಂಬ ಚಿತ್ರ ಬಿಡುಗಡೆ ಮಾಡಿ ಜಗತ್ತಿನ ಗಮನ ಸೆಳೆಯಿತು. 2022ರ ಜುಲೈನಲ್ಲಿ ಬಂದ 'ರಣವೀರ್ ವರ್ಸಸ್ ವೈಲ್ಡ್' ಭಾರತದ ನಟನನ್ನು ಇಟ್ಟುಕೊಂಡು ಮಾಡಿದ ಇಂಥ ಪ್ರಯೋಗ. ನಟ ರಣವೀರ್ ಸಿಂಗ್, ಪತ್ನಿ ದೀಪಿಕಾ ಪಡುಕೋಣೆಗೆ ಬಾಡದ ಅಪರೂಪದ ಹೂವೊಂದನ್ನು ತರಲು ಸರ್ಬಿಯಾದ ಕಾಡುಮೇಡು ಅಲೆಯುತ್ತಾರೆ. ಯಾವ ದಾರಿಯಲ್ಲಿ ಹೋಗಬೇಕು ಎಂದು ಹೇಳುವವರು ನಾವು. ಸೌಗಂಧಿಕಾ ಪುಷ್ಪ ತರಹೊರಟ ಭೀಮನ ಕತೆ ಕೇಳಿ ಬೆಳೆದ ನಮಗೆ ಇದೇನೂ ಹೊಸದೆನಿಸದು. ಭೀಮನಿಗೆ ಎಡಕ್ಕೆ ಹೋಗು, ಬಲಕ್ಕೆ ಹೋಗು ಎನ್ನುವ ಅವಕಾಶ ಮಾತ್ರ ನಮಗಿರಲಿಲ್ಲ.

ಶುದ್ಧ ಪ್ರೇಮಕತೆಗೆ ಈ ತಂತ್ರ ಬಳಸಿದ್ದು 2023ರ ಆಗಸ್ಟ್‌ನಲ್ಲಿ ಬಂದ 'ಚೂಸ್ ಲವ್'. ನಾಯಕಿಗೆ ಮೂವರು: ಈಗಿನ ಗೆಳೆಯ, ಹಳೆಯ ಪ್ರೇಮಿ, ಹೆಸರುವಾಸಿ ಹಾಡುಗಾರ. ಅವಳು ಯಾರಿಗೆ ಒಲಿಯಬೇಕೆಂಬುದನ್ನು ನೋಡುವವರೇ ತೀರ್ಮಾನಿಸಬೇಕು. ಒಬ್ಬನನ್ನು ಆರಿಸಿ ಮುಗಿಸಿದವರು ಹಿಂದಕ್ಕೆ ಹೋಗಿ ಇನ್ನೊಬ್ಬನನ್ನೂ ಆರಿಸಿ ನೋಡಬಹುದಿತ್ತು. ಚಿತ್ರ ದೊಡ್ಡ ಹೆಸರೇನೂ ಮಾಡಲಿಲ್ಲ. ಮೂರು ಕೊನೆಗಳೂ ಸರಿ ಎಂದಾದರೆ ಯಾವ ಕೊನೆಗೂ ಕಣ್ಣೀರಾಗಲಿ ಸಂತೋಷವಾಗಲಿ ಹುಟ್ಟುವುದು ಕಷ್ಟ. ಸಂಸ್ಥೆ 2024ರ ಡಿಸೆಂಬರ್‌ನಲ್ಲಿ ಈ ಬಗೆಯ ಬಹುಪಾಲು ಚಿತ್ರಗಳನ್ನು ತನ್ನ ಪಟ್ಟಿಯಿಂದ ತೆಗೆದುಹಾಕಿತು. 2025ರ ಮೇ ತಿಂಗಳಲ್ಲಿ 'ಬ್ಯಾಂಡರ್‌ಸ್ನ್ಯಾಚ್' ಕೂಡ ಹೋಯಿತು.

ನಮ್ಮ ನೆರೆಯ ಕೇರಳದಲ್ಲಿ ಗುಂಡಿಯಿಲ್ಲದೆಯೇ ಇಂಥದೊಂದು ನಡೆದಿತ್ತು. 1998ರಲ್ಲಿ ಫಾಸಿಲ್ ನಿರ್ದೇಶಿಸಿದ 'ಹರಿಕೃಷ್ಣನ್ಸ್' ಚಿತ್ರದಲ್ಲಿ ಮಮ್ಮುಟ್ಟಿ, ಮೋಹನ್‌ಲಾಲ್ ಇಬ್ಬರೂ ವಕೀಲರು. ಇಬ್ಬರಿಗೂ ಜೂಹಿ ಚಾವ್ಲಾ ಮೇಲೆ ಪ್ರೀತಿ. ಅವಳು ಯಾರಿಗೆ ಸಿಕ್ಕರೂ ಇನ್ನೊಬ್ಬರ ಅಭಿಮಾನಿಗಳು ಸಿಟ್ಟಾಗುತ್ತಾರೆ. ಅದಕ್ಕೆ ಎರಡು ಬಗೆಯ ಪ್ರಿಂಟುಗಳು ತಯಾರಾದವು. ಕೆಲವು ಚಿತ್ರಮಂದಿರಗಳಲ್ಲಿ ಮಮ್ಮುಟ್ಟಿ ಗೆದ್ದರು, ಉಳಿದೆಡೆ ಮೋಹನ್‌ಲಾಲ್ ಗೆದ್ದರು. ಪ್ರೇಕ್ಷಕ ಆರಿಸಲಿಲ್ಲ, ಅವನಿಗೆ ಇಷ್ಟವಾಗುವುದನ್ನು ಮೊದಲೇ ಊಹಿಸಿ ಬಡಿಸಲಾಯಿತು.

ಸಾಲು ಕೇಳುವ ಹಕ್ಕು

ಹಾಗಾದರೆ ಗುಂಡಿ ಬರುವವರೆಗೆ ನೋಡುವವರಿಗೆ ಯಾವ ಅಧಿಕಾರವೂ ಇರಲಿಲ್ಲವೇ? ಮಂಡ್ಯ, ಮದ್ದೂರು, ಮಳವಳ್ಳಿ ಕಡೆಯ ಯಾವುದಾದರೂ ಹಳ್ಳಿಯಲ್ಲಿ ಒಂದು ರಾತ್ರಿ ಕಳೆದವರು ಹಾಗೆನ್ನಲಾರರು.

ಮಳವಳ್ಳಿ ತಾಲ್ಲೂಕಿನ ಬೊಪ್ಪೇಗೌಡನಪುರ ಮಂಟೇಸ್ವಾಮಿ ಪರಂಪರೆಯ ಮುಖ್ಯ ನೆಲೆಗಳಲ್ಲಿ ಒಂದು. ಈ ಸೀಮೆಯಲ್ಲಿ ತಂಬೂರಿ ಹಿಡಿದು ಮಂಟೇಸ್ವಾಮಿ ಕತೆ ಹಾಡುವವರು ನೀಲಗಾರರು. ಕಂಸಾಳೆ ಹಿಡಿದು ಮಾದೇಶ್ವರನ ಕತೆ ಹಾಡುವವರು ದೇವರಗುಡ್ಡರು. ಇಡೀ ಕತೆ ಒಂದು ರಾತ್ರಿಗೆ ಮುಗಿಯುವಂಥದ್ದಲ್ಲ. ಅದು 'ಸಾಲು'ಗಳಾಗಿ ಹಂಚಿಕೊಂಡಿದೆ. ಹಾಡಿಸುವ ಮನೆಯವರು, ಕೂತ ಜನ, ಬಂದ ಸಂದರ್ಭ ನೋಡಿಕೊಂಡು ಯಾವ ಸಾಲು ಎಂಬುದು ನಿಶ್ಚಯವಾಗುತ್ತದೆ. ಹೆಣ್ಣುಮಕ್ಕಳು ಹೆಚ್ಚಾಗಿ ಕೂತ ಕಡೆ ಸಂಕಮ್ಮನ ಸಾಲಿಗೆ ಬೇಡಿಕೆ ಬಂದರೆ ಆಶ್ಚರ್ಯವಿಲ್ಲ. ಅದು ಗಂಡನ ಸಂಶಯಕ್ಕೆ ಸಿಕ್ಕಿ ನರಳಿದ ಹೆಣ್ಣಿನ ಕತೆ. ಜೇನು ತರಲು ಕಾಡಿಗೆ ಹೊರಟ ನೀಲಯ್ಯ ಹೆಂಡತಿಯನ್ನು ನಂಬದೆ ಮಂತ್ರಕಟ್ಟಿ ಹೋಗುತ್ತಾನೆ. ಮಾದೇಶ್ವರ ಬಂದು ಬಿಡಿಸುತ್ತಾನೆ. ಯಾವ ಸಾಲು ಬೇಕು ಎಂದು ಕೇಳುವ ಹಕ್ಕು ಜನರಿಗುಂಟು. ಆದರೆ ನೀಲಯ್ಯ ಸಂಶಯಪಡದಂತೆ ಹಾಡು ಎಂದು ಯಾರೂ ಕೇಳುವುದಿಲ್ಲ. ಹಾಗೆ ಹಾಡಿದರೆ ಅದು ಸಂಕಮ್ಮನ ಸಾಲೇ ಅಲ್ಲ.

ಇದೇ ನ್ಯಾಯ ಊರ ನಾಟಕಗಳಿಗೂ ಸಲ್ಲುತ್ತದೆ. 'ಕುರುಕ್ಷೇತ್ರ' ನಾಟಕ ಮಂಡ್ಯ ಜಿಲ್ಲೆಯ ಉಸಿರು ಎಂದರೆ ತಪ್ಪಾಗದು. ಹಾರ್ಮೋನಿಯಂ ಮೇಷ್ಟ್ರ ಕೈಕೆಳಗೆ ತಿಂಗಳುಗಟ್ಟಲೆ ಕಲಿತು, ಪಾತ್ರಕ್ಕೆ ತಾವೇ ಹಣ ತೆತ್ತು ಬಣ್ಣ ಹಚ್ಚುವ ರೈತರು, ಗುಮಾಸ್ತರು, ಅಂಗಡಿಯವರು ಇಲ್ಲಿನ ನಟರು. ಹಾಡು ಹಿಡಿಸಿದರೆ 'ವನ್ಸ್ ಮೋರ್' ಕೂಗು ಏಳುತ್ತದೆ. ನಂಟರು ರಂಗಕ್ಕೆ ಹತ್ತಿ ನೋಟಿನ ಹಾರ ಹಾಕುತ್ತಾರೆ. ಅಭಿಮನ್ಯು ಉತ್ತರೆಯಿಂದ ಬೀಳ್ಕೊಂಡು ಯುದ್ಧಕ್ಕೆ ಹೊರಡುವ ಸೀನು ಒಮ್ಮೆಗೆ ಮುಗಿಯುವುದೇ ಇಲ್ಲ. ಜನ ಆ ಎಳೆಯ ದಂಪತಿಗಳ ಅಗಲಿಕೆಯನ್ನು ಎರಡು ಸಲ, ಮೂರು ಸಲ ಹಾಡಿಸುತ್ತಾರೆ. ಸಾವನ್ನು ಅವರು ಮುಂದಕ್ಕೆ ಹಾಕಬಲ್ಲರೇ ಹೊರತು ತಪ್ಪಿಸಲಾರರು. ಬೆಳಗಿನ ಕೋಳಿ ಕೂಗುವಷ್ಟರಲ್ಲಿ ಅಭಿಮನ್ಯು ಚಕ್ರವ್ಯೂಹದಲ್ಲಿ ಬಿದ್ದೇ ಬೀಳುತ್ತಾನೆ.

ವೃತ್ತಿ ನಾಟಕ ಕಂಪನಿಗಳ ಕಾಲದಲ್ಲಿ ಈ 'ವನ್ಸ್ ಮೋರ್' ಎಷ್ಟು ಪ್ರಬಲವಾಗಿತ್ತೆಂದರೆ, ಹಾಡುವ ಶಕ್ತಿಯಿದ್ದವರೇ ಪಾತ್ರಗಳನ್ನು ಆಳುತ್ತಿದ್ದರು. ಮಳವಳ್ಳಿಯ ಹೆಸರನ್ನು ನಾಡಿಗೆ ಪರಿಚಯಿಸಿದ ಮಳವಳ್ಳಿ ಸುಂದರಮ್ಮ ಅಂಥ ಗಾಯಕ ನಟಿಯರ ಪೀಳಿಗೆಗೆ ಸೇರಿದವರು. ಗುಬ್ಬಿ ವೀರಣ್ಣನವರ 'ಸದಾರಮೆ' ಇನ್ನೊಂದು ಒಳ್ಳೆಯ ಉದಾಹರಣೆ. ಮೂಲತಃ ಅದು ರಾಜಕುಮಾರನನ್ನು ಮದುವೆಯಾದ ಹೆಣ್ಣಿನ ಕಷ್ಟಸುಖದ ಕತೆ. ಜನ ಮೆಚ್ಚಿ ಕೂಗಿದ್ದು ಮಾತ್ರ ವೀರಣ್ಣನವರು ಮಾಡುತ್ತಿದ್ದ ಕಳ್ಳನ ಪಾತ್ರಕ್ಕೆ. ಅವರ ಆಶುಮಾತುಗಳಿಂದ ಕಳ್ಳನ ಭಾಗ ಹಿಗ್ಗುತ್ತ ಹೋಯಿತು. ಗುಂಡಿಯಿಲ್ಲದೆ, ಬರೀ ಚಪ್ಪಾಳೆಯಿಂದ ಪ್ರೇಕ್ಷಕರು ಒಂದು ಪ್ರೇಮಕತೆಯ ಅಳತೆಯನ್ನೇ ಬದಲಿಸಿದರು. ಸದಾರಮೆ ಕೊನೆಗೆ ಸೇರುವುದು ಮಾತ್ರ ತನ್ನ ಗಂಡನನ್ನೇ.

ಟೆಂಟು ಸಿನಿಮಾ ಬಂದ ಮೇಲೂ ಈ ಅಭ್ಯಾಸ ಹೋಗಲಿಲ್ಲ. ಟೂರಿಂಗ್ ಟಾಕೀಸಿನಲ್ಲಿ ಪ್ರೊಜೆಕ್ಟರ್ ಒಂದೇ. ಪ್ರತಿ ರೀಲು ಮುಗಿದಾಗ ದೀಪ ಹತ್ತುತ್ತಿತ್ತು. ಕಡಲೆಕಾಯಿ ಸುಲಿಯುತ್ತ ನೆಲದ ಮೇಲೆ ಕೂತವರು ಮುಂದೇನು ಎಂದು ವಾದಿಸುತ್ತಿದ್ದರು. ಮಾಂಟ್ರಿಯಲ್‌ನಲ್ಲಿ ಚಿತ್ರ ನಿಂತದ್ದು ಮತಕ್ಕಾಗಿ. ನಮ್ಮ ಟೆಂಟಿನಲ್ಲಿ ನಿಂತದ್ದು ರೀಲು ಬದಲಿಸಲು. ನಮ್ಮವರು ಮತವನ್ನೂ ಹಾಕುತ್ತಿದ್ದರು, ಆದರೆ ಅದನ್ನು ಎಣಿಸುವವರಿರಲಿಲ್ಲ. ಮಂಡ್ಯದಲ್ಲಿ ಚಿತ್ರಮಂದಿರದ ಹೆಸರೇ ವೃತ್ತಕ್ಕೂ ನಿಂತು ಸಂಜಯ ವೃತ್ತ ಎಂದಾಗಿದೆ. ಸಿನಿಮಾವನ್ನು ಇಷ್ಟು ಹಚ್ಚಿಕೊಂಡ ಊರಿನಲ್ಲಿ ಪ್ರೇಕ್ಷಕನ ಮತ ಬೀಳುತ್ತಿದ್ದದ್ದು ಟಿಕೆಟ್ ಕಿಟಕಿಯಲ್ಲಿ.

ಬೇಡವೆಂದ ಕೊನೆಯೇ ಉಳಿಯಿತು

ಆ ಮತಗಳನ್ನು ಎಣಿಸಿ ನೋಡಿದರೆ ಒಂದು ವಿಚಿತ್ರ ಕಾಣುತ್ತದೆ. ಕನ್ನಡಿಗರು ಮತ್ತೆ ಮತ್ತೆ ದುಡ್ಡು ಕೊಟ್ಟು ನೋಡಿದ ಪ್ರೇಮಕತೆಗಳಲ್ಲಿ ಹಲವು, ಅವರ ಆಸೆಯನ್ನು ಈಡೇರಿಸದವು. 'ನಾಗರಹಾವು' ಹಾಗೆಯೇ. 2006ರ ಡಿಸೆಂಬರ್ ಕೊನೆಯಲ್ಲಿ ಬಂದ ಯೋಗರಾಜ ಭಟ್ಟರ 'ಮುಂಗಾರು ಮಳೆ'ಯೂ ಹಾಗೆಯೇ. ಪ್ರೀತಂ ತಾನು ಪ್ರೀತಿಸಿದ ನಂದಿನಿಯನ್ನು ಬೇರೊಬ್ಬನಿಗೆ ಬಿಟ್ಟುಕೊಟ್ಟು ಮಳೆಯಲ್ಲಿ ಹೊರಟುಹೋಗುತ್ತಾನೆ. ಅವನ ಜೊತೆಗಿದ್ದ ಮೊಲ ದೇವದಾಸನೂ ಉಳಿಯುವುದಿಲ್ಲ. ವರ್ಷಕ್ಕೂ ಹೆಚ್ಚು ಕಾಲ ಓಡಿದ ಆ ಚಿತ್ರಕ್ಕೆ ಮತದಾನ ಇಟ್ಟಿದ್ದರೆ ನಂದಿನಿ ಪ್ರೀತಂನ ಕೈಹಿಡಿಯುತ್ತಿದ್ದಳು. ಆಗ ಅದು ಆ ವರ್ಷದ ಹತ್ತಾರು ಪ್ರೇಮಚಿತ್ರಗಳಲ್ಲಿ ಒಂದಾಗಿ ಹೋಗುತ್ತಿರಲಿಲ್ಲ ಎಂದು ಯಾರು ಹೇಳಬಲ್ಲರು?

ನಾಗಮಂಗಲ ತಾಲ್ಲೂಕಿನ ನಾಗತಿಹಳ್ಳಿಯಿಂದ ಬಂದ ನಾಗತಿಹಳ್ಳಿ ಚಂದ್ರಶೇಖರ ಅವರ 'ಅಮೆರಿಕ ಅಮೆರಿಕ'ದಲ್ಲೂ ತ್ರಿಕೋನ ಪ್ರೇಮವಿದೆ. ಊರಲ್ಲೇ ಉಳಿದ ಸೂರ್ಯ, ಅಮೆರಿಕಕ್ಕೆ ಹೋದ ಶಶಾಂಕ, ಇಬ್ಬರಿಗೂ ಬೇಕಾದ ಭೂಮಿಕಾ. 1997ರಲ್ಲಿ ಅದನ್ನು ನೋಡಿದವರು ಊರು ಮತ್ತು ವಿದೇಶಗಳ ನಡುವೆಯೂ ತೊಳಲಾಡಿದರು. ಆ ತೊಳಲಾಟವೇ ಚಿತ್ರದ ಜೀವ. ಗುಂಡಿ ಒತ್ತಿ ಬಗೆಹರಿಸಿಕೊಳ್ಳುವ ಅವಕಾಶವಿದ್ದರೆ ತೊಳಲಾಟಕ್ಕೆ ಜಾಗವೆಲ್ಲಿ?

ಪ್ರೇಮಕತೆಯಲ್ಲಿ ನಮ್ಮನ್ನು ಹಿಡಿದಿಡುವುದು ನಮ್ಮ ಕೈಮೀರಿದ ಸಂಗತಿ. ಪಕ್ಕದ ಮನೆಯ ಹುಡುಗಿಯ ಮದುವೆ ತಪ್ಪಿದ್ದಕ್ಕೆ ಮರುಗುವ ಹಾಗೆ ತೆರೆಯ ಮೇಲಿನವರಿಗೂ ಮರುಗುತ್ತೇವೆ. ಏಕೆಂದರೆ ಎರಡೂ ಕಡೆ ನಾವು ಏನೂ ಮಾಡಲಾರೆವು. ಕೊನೆ ನಮ್ಮ ಕೈಗೆ ಬಂದ ಗಳಿಗೆಯಲ್ಲಿ ತೆರೆಯ ಮೇಲಿನವರು ಮನುಷ್ಯರಾಗಿ ಉಳಿಯದೆ ಚದುರಂಗದ ಕಾಯಿಗಳಾಗುತ್ತಾರೆ.

ಹೊಸ ಗುಂಡಿ

ಹಳೆಯ ಗುಂಡಿಗಳು ಮೂಲೆ ಸೇರಿದವು ಎಂದು ನೆಮ್ಮದಿಪಡುವಂತಿಲ್ಲ. 2025ರ ಆಗಸ್ಟ್ 1ರಂದು ಇನ್ನೊಂದು ಬಗೆಯ ಗುಂಡಿ ಒತ್ತಲಾಯಿತು. 2013ರ ಹಿಂದಿ ಚಿತ್ರ 'ರಾಂಝಣಾ'ದಲ್ಲಿ ಧನುಷ್ ವಹಿಸಿದ ಕುಂದನ್ ಪಾತ್ರ ಕೊನೆಯಲ್ಲಿ ಸಾಯುತ್ತದೆ. ಅದರ ತಮಿಳು ರೂಪ 'ಅಂಬಿಕಾಪತಿ'ಯನ್ನು ಮರುಬಿಡುಗಡೆ ಮಾಡುವಾಗ ಹಕ್ಕುದಾರ ಸಂಸ್ಥೆ ಕೃತಕ ಬುದ್ಧಿಮತ್ತೆಯ ನೆರವಿನಿಂದ ಆ ಕೊನೆಯನ್ನು ಬದಲಿಸಿ, ಸತ್ತವನು ಕಣ್ಣು ತೆರೆಯುವಂತೆ ಮಾಡಿತು. ನಿರ್ದೇಶಕ ಆನಂದ್ ಎಲ್. ರೈ, ನಟ ಧನುಷ್ ಇಬ್ಬರೂ ಬಹಿರಂಗವಾಗಿ ವಿರೋಧಿಸಿದರು. ಆದರೂ ಚಿತ್ರ ತೆರೆಕಂಡಿತು.

ಕಿನೋಆಟೊಮಾಟ್‌ಗೂ ಇದಕ್ಕೂ ದೊಡ್ಡ ವ್ಯತ್ಯಾಸವಿದೆ. ಚಿಂಚೆರಾ ತಮ್ಮ ಚಿತ್ರದ ಎರಡೂ ದಾರಿಗಳನ್ನು ತಾವೇ ಕಟ್ಟಿದ್ದರು. ಫಾಸಿಲ್ ಎರಡು ಕೊನೆಗಳನ್ನೂ ತಾವೇ ಚಿತ್ರಿಸಿದ್ದರು. ಇಲ್ಲಿ ಚಿತ್ರ ಮಾಡಿದವರನ್ನು ಒಪ್ಪಿಸದೆ, ನಟ ನಟಿಸದ ದೃಶ್ಯವನ್ನು ಯಂತ್ರ ಸೃಷ್ಟಿಸಿತು. 1957ರ ನಮ್ಮ ಕೃತಿಸ್ವಾಮ್ಯ ಕಾಯ್ದೆಯ ದೃಷ್ಟಿಯಲ್ಲಿ ಸಿನಿಮಾದ ಕರ್ತೃ ನಿರ್ಮಾಪಕನೇ ಹೊರತು ನಿರ್ದೇಶಕನಲ್ಲ. ಆ ಹಕ್ಕು ಚಿತ್ರ ಬಿಡುಗಡೆಯಾದ ವರ್ಷದ ನಂತರ 60 ವರ್ಷ ಇರುತ್ತದೆ. ಆ ಲೆಕ್ಕದಲ್ಲಿ 'ನಾಗರಹಾವು' ಚಿತ್ರದ ಸ್ವಾಮ್ಯ 2032ರ ಕೊನೆಗೆ ಮುಗಿಯುತ್ತದೆ. ಕಾದಂಬರಿಯ, ಹಾಡುಗಳ ಹಕ್ಕಿನ ಲೆಕ್ಕ ಬೇರೆ. ಆದರೂ ಅಲ್ಲಿಂದ ಮುಂದೆ ರಾಮಾಚಾರಿಯನ್ನು ಬೆಟ್ಟದಿಂದ ಹಾರದಂತೆ ತಡೆಯಲು ಮನಸ್ಸು ಮಾಡುವವರು ಹುಟ್ಟಿಕೊಳ್ಳಬಹುದು. ಯಂತ್ರವಂತೂ ಸಿದ್ಧವಾಗಿದೆ.

ಹಳೆಯದನ್ನು ಹೊಸಬರಿಗೆ ಮುಟ್ಟಿಸುವ ಬೇರೆ ದಾರಿಯನ್ನು ಕನ್ನಡ ಚಿತ್ರರಂಗ ಈಗಾಗಲೇ ತೋರಿಸಿದೆ. 1971ರ 'ಕಸ್ತೂರಿ ನಿವಾಸ'ಕ್ಕೆ ಬಣ್ಣ ತುಂಬಿ 2014ರಲ್ಲಿ ತೆರೆಗೆ ತರಲಾಯಿತು. 'ನಾಗರಹಾವು' 2018ರ ಜುಲೈನಲ್ಲಿ ಹೊಸ ಧ್ವನಿ, ಅಗಲ ಪರದೆಯೊಂದಿಗೆ ಮತ್ತೆ ಬಂತು. ಬಣ್ಣ ಬದಲಾಯಿತು, ಧ್ವನಿ ಬದಲಾಯಿತು, ಕೊನೆ ಬದಲಾಗಲಿಲ್ಲ. ಅದೇ ವರ್ಷ ನವೆಂಬರ್ 24ರಂದು ಅಂಬರೀಶ್ ತೀರಿಕೊಂಡರು. ಪಾರ್ಥಿವ ಶರೀರವನ್ನು ಮಂಡ್ಯಕ್ಕೆ ತಂದಾಗ ಕ್ರೀಡಾಂಗಣ ಜನರಿಂದ ತುಂಬಿತ್ತು. ಕೆಲವೇ ತಿಂಗಳ ಹಿಂದೆ ಇಪ್ಪತ್ತರ ಹರೆಯದ ಜಲೀಲನನ್ನು ದೊಡ್ಡ ಪರದೆಯ ಮೇಲೆ ನೋಡಿ ಶಿಳ್ಳೆ ಹಾಕಿದವರು ಆ ಜನರಲ್ಲಿ ಎಷ್ಟೋ ಮಂದಿ ಇದ್ದಿರಬೇಕು.

ಹಾಡುವವರನ್ನು ಕರೆಸಿ ಇಂಥ ಸಾಲು ಹಾಡಿ ಎನ್ನುವುದು ಕೇಳುಗರ ಹಕ್ಕು. ಹಿಡಿಸಿದ್ದನ್ನು ಇನ್ನೊಮ್ಮೆ ಹಾಡಿಸುವುದೂ ಅವರ ಹಕ್ಕು. ಅಷ್ಟನ್ನು ಇಟ್ಟುಕೊಂಡು ಕೊನೆಯನ್ನು ಹಾಡುವವರಿಗೇ ಬಿಟ್ಟ ಈ ಸೀಮೆಯ ಹಿರಿಯರಿಗೆ ಇಂಟರ್‌ಆಕ್ಟಿವ್ ಸಿನಿಮಾ ಎಂಬ ಹೆಸರು ಗೊತ್ತಿರಲಿಲ್ಲ. ಆದರೆ ಎಲ್ಲಿಯವರೆಗೆ ಕೈಹಾಕಬಹುದು, ಎಲ್ಲಿ ಕೈ ತೆಗೆಯಬೇಕು ಎಂಬುದು ಗೊತ್ತಿತ್ತು.